ಖಾನಾಪುರದ ಅಡವಿ, ಬೆಳಗಾವಿಯ ವಖಾರ: 20ನೇ ಶತಮಾನದ ಆರಂಭದ ನಾಟಾ ಉದ್ಯಮ

ಬೆಳಗಾವಿ ಜಿಲ್ಲೆಯ ದಕ್ಷಿಣ ತುದಿಯ ಖಾನಾಪುರ ತಾಲ್ಲೂಕಿನಲ್ಲಿ ಮರ ಕಡಿದು, ದಿಮ್ಮಿಗಳನ್ನು ರೈಲು ನಿಲ್ದಾಣಕ್ಕೆ ಎಳೆತಂದು, ಬೆಳಗಾವಿಯ ಮತ್ತು ಬಯಲುಸೀಮೆಯ ಪೇಟೆಗಳಲ್ಲಿ ತೊಲೆ, ಜಂತೆ, ಹಲಗೆಗಳಾಗಿ ಕೊಯ್ದು ಮಾರುತ್ತಿದ್ದ ಉದ್ಯಮವಿದು. 1880ರ ದಶಕದ ಕೊನೆಗೆ ಈ ಭಾಗಕ್ಕೆ ರೈಲು ಬಂದಂದಿನಿಂದ ಎರಡನೆಯ ಮಹಾಯುದ್ಧದ ತನಕದ ಕಾಲ ಈ ಲೇಖನದ ವ್ಯಾಪ್ತಿ. ಆಗ ಈ ಸೀಮೆ ಮುಂಬಯಿ ಪ್ರಾಂತ್ಯದ ಬೆಳಗಾಂವ ಜಿಲ್ಲೆ. ಈ ಐವತ್ತು ಅರವತ್ತು ವರ್ಷಗಳಲ್ಲಿ ಅಡವಿಯೊಳಗಿನ ಕೆಲಸದ ರೀತಿ ಹೆಚ್ಚೇನೂ ಬದಲಾಗಲಿಲ್ಲ. ಅಜ್ಜ ಹಿಡಿದ ಕೊಡಲಿಯನ್ನೇ ಮೊಮ್ಮಗನೂ ಹಿಡಿದ. ದಿಮ್ಮಿಯನ್ನು ಎಳೆದದ್ದು ಎತ್ತು ಮತ್ತು ಕೋಣ. ಮುಖ್ಯವಾಗಿ ಬದಲಾದದ್ದು ಎರಡು: ಮರ ಯಾರದು ಎಂಬ ಲೆಕ್ಕ ಮತ್ತು ಕಡಿದ ಮರ ಎಷ್ಟು ದೂರ ಹೋಗಬಲ್ಲದು ಎಂಬ ಲೆಕ್ಕ. ಮೊದಲನೆಯದನ್ನು ಕಾಯದೆ ಬದಲಿಸಿತು, ಎರಡನೆಯದನ್ನು ರೈಲು. ಖಾನಾಪುರದ ಕಾಡು ಸರಕಾಗಿ ಮಾರ್ಪಟ್ಟ ಕಥೆ ಈ ಎರಡರ ನಡುವೆ ನಡೆಯುತ್ತದೆ.

ನೆಲ ಮತ್ತು ಮರ

ಬೆಳಗಾವಿಯಿಂದ ಖಾನಾಪುರ ಪಟ್ಟಣ ಸುಮಾರು 26 ಕಿ.ಮೀ. ಅಷ್ಟರೊಳಗೆ ನೆಲದ ಬಣ್ಣ, ಬೆಳೆ, ಮಳೆ ಎಲ್ಲವೂ ಬೇರೆ. ಉತ್ತರಕ್ಕೂ ಪೂರ್ವಕ್ಕೂ ಕರಿಮಣ್ಣಿನ ಬಯಲು. ಇತ್ತ ಕೆಮ್ಮಣ್ಣು, ಭತ್ತದ ಗದ್ದೆ, ಸಹ್ಯಾದ್ರಿಯ ಏರು. ಮಲಪ್ರಭೆ ಹುಟ್ಟುವ ಕಣಕುಂಬಿ, ಮಹದಾಯಿ ಹುಟ್ಟುವ ದೇಗಾಂವ ಎರಡೂ ಈ ತಾಲ್ಲೂಕಿನಲ್ಲೇ ಇವೆ. ಕಣಕುಂಬಿಯ ಕಡೆ ವರ್ಷಕ್ಕೆ 3,000 ಮಿ.ಮೀ. ಮೀರಿ ಮಳೆ ಸುರಿದರೆ, ಪೂರ್ವದ ನಂದಗಡದ ದಾರಿಯಲ್ಲಿ ಅದು ಬೇಗ ಬೇಗ ಇಳಿಯುತ್ತ ಹೋಗುತ್ತದೆ. ಅದಕ್ಕೇ ಪಡುವಣ ಅಂಚಿನ ಜಾಂಬೋಟಿ, ಹೆಮ್ಮಡಗಾ, ಭೀಮಗಡದ ಸುತ್ತ ನಿತ್ಯಹಸಿರು ಕಾಡು; ನಾಗರಗಾಳಿ, ಗೋಲಿಹಳ್ಳಿ, ತಾವರಗಟ್ಟಿಯ ಕಡೆ ಬೇಸಿಗೆಯಲ್ಲಿ ಎಲೆ ಉದುರಿಸುವ ಕಾಡು. ನಾಟಾ ವ್ಯಾಪಾರಕ್ಕೆ ಬೇಕಾದದ್ದು ಮುಖ್ಯವಾಗಿ ಈ ಎರಡನೆಯದು.

ಇಲ್ಲಿಯ ಮರಗಳಿಗೆ ಕನ್ನಡದಲ್ಲೊಂದು, ಮರಾಠಿಯಲ್ಲೊಂದು ಹೆಸರು; ಕಡಿಯುವವನಿಗೂ ಕೊಳ್ಳುವವನಿಗೂ ಎರಡೂ ಗೊತ್ತಿರಬೇಕಿತ್ತು. ಸಾಗುವಾನಿ, ಬೀಟೆ ಅಥವಾ ಶಿಸವ, ಮತ್ತಿ ಅಥವಾ ಐನ, ನಂದಿ ಅಥವಾ ನಾಣಾ, ಹೊನ್ನೆ ಅಥವಾ ಬಿಬಳಾ, ಜಂಬೆ, ಹುಣಾಲು ಅಥವಾ ಕಿಂಜಳ, ಹೆದ್ದಿ, ದಿಂಡಲು. ಸಾಗುವಾನಿಯಲ್ಲಿ ಪಕ್ಕದ ಹಳಿಯಾಳ-ದಾಂಡೇಲಿ ಭಾಗದ್ದೇ ಮೇಲೆಂಬ ಮಾತಿತ್ತು. ಖಾನಾಪುರದ ಬಲ ಬೇರೆ ಕಡೆ ಇತ್ತು: ಮನೆ ಕಟ್ಟಲು, ಗಾಡಿ ಮಾಡಲು, ಒಲೆ ಉರಿಸಲು ದಿನನಿತ್ಯ ಬೇಕಾಗುವ ಮತ್ತಿ, ನಂದಿ, ಹುಣಾಲುಗಳಲ್ಲಿ. ಮತ್ತಿಯ ತೊಗಟೆ ಮೊಸಳೆಯ ಬೆನ್ನಿನ ಹಾಗೆ ಚೌಕ ಚೌಕವಾಗಿ ಬಿರಿದಿರುತ್ತದೆ. ಎಲೆಯಿಲ್ಲದ ಕಾಲದಲ್ಲೂ ದೂರದಿಂದ ಗುರುತು ಹಿಡಿಯಬಹುದು. ಅದರ ತೊಗಟೆ ಸುಟ್ಟ ಬೂದಿಯನ್ನು ಸುಣ್ಣದ ಬದಲಿಗೆ ಎಲೆ-ಅಡಿಕೆಗೆ ಹಚ್ಚುವ ರೂಢಿಯೂ ಇತ್ತು. ಕಟ್ಟಿಗೆ ಭಾರ, ಗಟ್ಟಿ, ಒಣಗುವಾಗ ಸೀಳುವ ಹಟಮಾರಿ. ಆದರೂ ಈ ಸೀಮೆಯ ಎಷ್ಟೋ ಮನೆಗಳ ಮಾಡು ನಿಂತಿರುವುದು ಮತ್ತಿಯ ತೊಲೆಯ ಮೇಲೆಯೇ. ಬೀಟೆ, ಸಾಗುವಾನಿಗಳ ಹೆಸರು ಪುಸ್ತಕಗಳಲ್ಲಿ ಮೆರೆಯುತ್ತದೆ. ಮನೆಗಳನ್ನು ಹೊತ್ತ ಮತ್ತಿಗೆ ಅಂಥ ಕೀರ್ತಿ ಸಿಗಲಿಲ್ಲವೆನ್ನುವುದು ನನ್ನ ಮಟ್ಟಿಗೆ ಅನ್ಯಾಯ.

ಈ ಸಸ್ಯಸಂಪತ್ತನ್ನು ವಿವರವಾಗಿ ದಾಖಲಿಸಿದವರು ಜಂಗಲ್ ಖಾತೆಯ ಅಧಿಕಾರಿಯೇ ಆಗಿದ್ದ ಡಬ್ಲ್ಯು. ಎ. ಟಾಲ್ಬಟ್. ಮುಂಬಯಿ ಪ್ರಾಂತ್ಯ ಮತ್ತು ಸಿಂಧದ ಕಾಡುಮರಗಳ ಕುರಿತ ಅವರ ಎರಡು ಸಂಪುಟಗಳು 1909 ಮತ್ತು 1911ರಲ್ಲಿ ಹೊರಬಂದವು. ಅವರ ಸೇವೆಯ ಬಹುಭಾಗ ಉತ್ತರ ಕನ್ನಡದ ಕಾಡುಗಳಲ್ಲಿ ಕಳೆದಿತ್ತು.

ಕಾಡಿಗೆ ಬೇಲಿ

ಮುಂಬಯಿ ಸರ್ಕಾರ 1847ರಲ್ಲೇ ಡಾ. ಅಲೆಗ್ಸಾಂಡರ್ ಗಿಬ್ಸನ್ ಅವರನ್ನು ಅರಣ್ಯ ಸಂರಕ್ಷಕರನ್ನಾಗಿ ನೇಮಿಸಿತ್ತು. ಹಡಗುಕಟ್ಟೆಗೆ ಸಾಗುವಾನಿ ಕಡಿಮೆ ಬೀಳುವ ಭಯ ಅದರ ಹಿಂದಿನ ದೊಡ್ಡ ಕಾರಣ. ಆದರೆ ಹಳ್ಳಿಯವರ ಬದುಕಿಗೆ ನೇರವಾಗಿ ತಾಗಿದ್ದು 1878ರ ಭಾರತೀಯ ಅರಣ್ಯ ಕಾಯದೆ. ಅದು ಕಾಡನ್ನು ಕಾಯ್ದಿಟ್ಟ ಅರಣ್ಯ, ರಕ್ಷಿತ ಅರಣ್ಯ ಎಂದು ವಿಂಗಡಿಸಿತು. ಅಡವಿ ಸವರಿ ಸುಟ್ಟು ರಾಗಿ ಬಿತ್ತುವ ಕುಮರಿ ಬೇಸಾಯಕ್ಕೆ ಅದಕ್ಕೂ ಮೊದಲೇ ಅಂಕುಶ ಬಿದ್ದಿತ್ತು. ಹಳ್ಳಿಗರ ಅಸಮಾಧಾನ ಎಷ್ಟು ಬೆಳೆಯಿತೆಂದರೆ, ಅದನ್ನು ವಿಚಾರಿಸಲು ಸರ್ಕಾರವೇ 1885ರಲ್ಲಿ ಮುಂಬಯಿ ಅರಣ್ಯ ಆಯೋಗವನ್ನು ನೇಮಿಸಬೇಕಾಯಿತು. 1927ರ ಹೊಸ ಕಾಯದೆ ಹಳೆಯದರ ಚೌಕಟ್ಟನ್ನೇ ಗಟ್ಟಿಮಾಡಿತು.

ರೈತನ ಮಾಲ್ಕಿ ಜಮೀನಿನಲ್ಲಿದ್ದರೂ ಸಾಗುವಾನಿ, ಬೀಟೆ, ಗಂಧದ ಮರಗಳ ಮೇಲೆ ಸರ್ಕಾರ ಹಕ್ಕು ಕಾಯ್ದಿರಿಸಿಕೊಳ್ಳುವುದು ಮುಂಬಯಿ ಪ್ರಾಂತ್ಯದ ರೂಢಿಯಾಗಿತ್ತು. ಗದ್ದೆಯ ಬದುವಿನಲ್ಲಿ ತಾನೇ ಕಾಪಾಡಿ ಬೆಳೆಸಿದ ಮರಕ್ಕೆ ಕೊಡಲಿ ಹಾಕಬೇಕಾದರೆ ಕಾಗದ ಬೇಕು. ಒಣಗಿದ ಸೌದೆ, ನೇಗಿಲಿಗೆ ಬೇಕಾದ ಕಟ್ಟಿಗೆ, ಗದ್ದೆಗೆ ಸುಡುವ ಸೊಪ್ಪು ಇವಕ್ಕೆಲ್ಲ ಸವಲತ್ತು ಇತ್ತು. ಸವಲತ್ತು ಕೊಟ್ಟವರು ಕಸಿಯಲೂಬಹುದು. ಹಕ್ಕಿಗೂ ಇದಕ್ಕೂ ಇರುವ ಅಂತರವನ್ನು ಇಲ್ಲಿಯ ಜನ ಜಂಗಲ್ ಗಾರ್ಡ್ ಹಾಕಿದ ಒಂದೊಂದು ದಂಡದಲ್ಲೂ ಕಂಡುಕೊಂಡರು. 1930ರಲ್ಲಿ ಮುಂಬಯಿ ಕರ್ನಾಟಕದ ಹಳ್ಳಿಗಳಲ್ಲಿ ಜಂಗಲ್ ಸತ್ಯಾಗ್ರಹ ಅಷ್ಟು ಬೇಗ ಹಬ್ಬಲು ಉಪ್ಪಿನ ಕಾಯದೆಗಿಂತ ಈ ಸಿಟ್ಟೇ ಹೆಚ್ಚು ಕಾರಣ. ಸಮುದ್ರ ಕಾಣದ ಊರಿನವರಿಗೆ ಮುರಿಯಲು ಹತ್ತಿರ ಸಿಗುತ್ತಿದ್ದ ಕಾಯದೆ ಅಡವಿಯದಾಗಿತ್ತು.

ಕೂಪಿನಲ್ಲಿ ಕಡಿತ

ಅಡವಿಯನ್ನು ವರ್ಷಕ್ಕೊಂದರಂತೆ ಕಡಿಯಬೇಕಾದ ತುಂಡುಗಳಾಗಿ ಗುರುತು ಮಾಡುತ್ತಿದ್ದರು. ಆ ತುಂಡಿಗೆ ಜನರ ಬಾಯಲ್ಲಿ ಕೂಪು ಎಂದೇ ಹೆಸರು. ಒಂದು ಕೂಪನ್ನು ಕಡಿದು ಮುಗಿಸಿದರೆ ಮತ್ತೆ ಅದರ ಸರದಿ ಬರುವುದು ಮೂವತ್ತೋ ನಲವತ್ತೋ ವರ್ಷದ ಮೇಲೆ; ಅಷ್ಟರಲ್ಲಿ ಬುಡಗಳು ಚಿಗುರಿ ಮತ್ತೆ ಮರವಾಗಬೇಕು. ಬೀಜಕ್ಕೂ ನೆರಳಿಗೂ ಎಂದು ನೆಟ್ಟಗಿನ ಕೆಲವು ಮರಗಳನ್ನು ಉಳಿಸಿ ಮಿಕ್ಕದ್ದನ್ನು ಕಡಿಯುವುದು ಸಾಮಾನ್ಯ ಪದ್ಧತಿ. ಒಳ್ಳೆಯ ಸಾಗುವಾನಿ ಇರುವಲ್ಲಿ ಆಯ್ದು ಕಡಿತ: ಎದೆಮಟ್ಟದಲ್ಲಿ ಸುತ್ತಳತೆ ನೋಡಿ, ಬೆಳೆದದ್ದಕ್ಕೆ ಮಾತ್ರ ಮುದ್ರೆ. ಎಷ್ಟೋ ಕಡೆ ಕಡಿದ ಜಾಗದ ಕಸಕಡ್ಡಿ ಸುಟ್ಟು, ಬೂದಿಯ ಮೇಲೆ ಸಾಗುವಾನಿ ನೆಡುತ್ತಿದ್ದರು. ಕುಮರಿಯನ್ನು ನಿಷೇಧಿಸಿದ ಖಾತೆಯೇ ಬೆಂಕಿಯ ಅದೇ ವಿದ್ಯೆಯನ್ನು ತನ್ನ ತೋಪಿಗೆ ಬಳಸಿಕೊಂಡಿತು. ಮಿಶ್ರ ಕಾಡು ಒಂದೇ ಜಾತಿಯ ಸಾಲುಮರಗಳಾಗಿ ತಿರುಗಲು ಆಗಿನಿಂದ ಶುರು.

ಕೆಲಸ ಮಳೆ ಕಳೆದ ಮೇಲೆ, ದಸರಾ-ದೀಪಾವಳಿ ಮುಗಿದು ದಾರಿ ಒಣಗಿದಾಗ ಹಿಡಿಯುತ್ತಿತ್ತು. ಮೇ ಮುಗಿಯುವುದರೊಳಗೆ ಕಡಿದದ್ದೆಲ್ಲ ಅಡವಿಯಿಂದ ಹೊರಗೆ ಬಂದಿರಬೇಕು. ಮಿರ್ಗದ ಮಳೆ ಬಿತ್ತೆಂದರೆ ಗಾಡಿಯ ಜಾಡೆಲ್ಲ ಕೆಸರು. ಹಿಂದೆ ಉಳಿದ ದಿಮ್ಮಿ ನಾಲ್ಕು ತಿಂಗಳು ಹುಳಕ್ಕೂ ಗೆದ್ದಲಿಗೂ ಆಹಾರ.

ಮರ ಬೀಳಿಸುವಾಗ ಮೊದಲು ನೋಡುವುದು ಮರದ ವಾಲು. ಯಾವ ಕಡೆ ಬೀಳಬೇಕೋ ಆ ಕಡೆ ಬುಡದಲ್ಲಿ ಕೊಡಲಿಯಿಂದ ಬಾಯಿಯಂಥ ಕಚ್ಚು ತೆಗೆಯುತ್ತಾರೆ. ಆಮೇಲೆ ಎದುರು ಬದಿಯಿಂದ, ಕಚ್ಚಿಗಿಂತ ತುಸು ಮೇಲಿನಿಂದ ಕಡಿಯುತ್ತ ಬರುತ್ತಾರೆ. ನಡುವೆ ಉಳಿಯುವ ಸಣ್ಣ ಪಟ್ಟಿ ಬಾಗಿಲ ತಿರುಗಣಿಯಂತೆ ಮರವನ್ನು ಬೇಕಾದ ದಿಕ್ಕಿಗೆ ಮಲಗಿಸುತ್ತದೆ. ಆ ಪಟ್ಟಿಯನ್ನೂ ಅವಸರದಲ್ಲಿ ಕಡಿದುಬಿಟ್ಟರೆ ಮರ ಎತ್ತ ಬೇಕಾದರೂ ತಿರುಗೀತು. ಶತಮಾನದ ಆರಂಭದವರೆಗೆ ಎಲ್ಲವೂ ಕೊಡಲಿಯಿಂದಲೇ. ಕೊಡಲಿ ಕಚ್ಚಿಗೆ ದೊಡ್ಡ ಮರದ ಬುಡದಲ್ಲಿ ಒಳ್ಳೆಯ ಕಟ್ಟಿಗೆ ಚಕ್ಕೆಯಾಗಿ ಹೋಗುತ್ತಿದ್ದುದರಿಂದ ಇಬ್ಬರು ಎಳೆಯುವ ಅಡ್ಡಗರಗಸವನ್ನು ಖಾತೆ ಬಳಕೆಗೆ ತಂದಿತು. ಬುಡವನ್ನು ನೆಲಕ್ಕೆ ಹತ್ತಿರವಾಗಿ, ನೀರು ನಿಲ್ಲದಂತೆ ನುಣ್ಣಗೆ ಕಡಿಯಬೇಕೆಂಬ ಕಟ್ಟಪ್ಪಣೆಯೂ ಇತ್ತು. ಸೀಳಿದ ಬುಡ ಕೊಳೆತು ಚಿಗುರುವುದಿಲ್ಲ. ಚಿಗುರದಿದ್ದರೆ ಮುಂದಿನ ಸರದಿಗೆ ಕೂಪೇ ಇಲ್ಲ.

ಇದೇ ಹೊತ್ತಿಗೆ ಅಮೆರಿಕದ ಪಡುವಣ ಕರಾವಳಿಯಲ್ಲಿ ಉಗಿಯಂತ್ರದ ರಾಟೆಗಳು ತಂತಿಹಗ್ಗದಿಂದ ದೈತ್ಯ ದಿಮ್ಮಿಗಳನ್ನು ಎಳೆಯುತ್ತಿದ್ದವು. 1909ರ ಸುಮಾರಿಗೆ ಆ ದೇಶದ ವರ್ಷದ ಉತ್ಪಾದನೆ 4,400 ಕೋಟಿ ಬೋರ್ಡ್ ಫೂಟ್ ಮುಟ್ಟಿತ್ತು. ನಮ್ಮ ಸಮೀಪದಲ್ಲಿ ಕೊಚ್ಚಿ ಸಂಸ್ಥಾನ 1907ರಲ್ಲಿ ಪರಂಬಿಕುಲಂ ಕಾಡಿಗೆ ಟ್ರಾಮ್‌ ಹಳಿ ಹಾಕಿತು; ಭದ್ರಾವತಿಯ ಕಬ್ಬಿಣದ ಕಾರ್ಖಾನೆ 1923ರಲ್ಲಿ ಕೆಲಸ ಶುರು ಮಾಡಿದಾಗ ಅದರ ಇದ್ದಿಲಿಗಾಗಿ ಮಲೆನಾಡಿನ ಕಾಡಿಗೂ ಟ್ರಾಮ್‌ ಹೋಯಿತು. ಖಾನಾಪುರದ ಕೂಪುಗಳಲ್ಲಿ ಮಾತ್ರ ದುಡಿಮೆ ಮನುಷ್ಯರ ತೋಳಿನದು ಮತ್ತು ಎತ್ತು-ಕೋಣಗಳ ಜೋಡಿಯದು. ಕೂಲಿ ಅಗ್ಗ, ಮರಗಳು ಚದುರಿ ನಿಂತಿವೆ, ಅಡವಿಯ ಅಂಚಿಗೆ ಹೇಗೂ ಮುಖ್ಯ ರೈಲು ಬಂದಿದೆ. ಯಂತ್ರಕ್ಕೆ ಬಂಡವಾಳ ಹಾಕುವ ಅಗತ್ಯ ಯಾರಿಗೂ ಕಾಣಲಿಲ್ಲ.

ಕೋಣ, ಚಕ್ಕಡಿ, ನಾಕಾ

ಬಿದ್ದ ಮರದ ಟೊಂಗೆ ಸವರಿ, ಉದ್ದ ನೋಡಿ ತುಂಡು ಮಾಡಿದ ಮೇಲೆ ದಿಮ್ಮಿಯ ಒಂದು ತುದಿಗೆ ಸರಪಳಿ ಹಾಯುವಷ್ಟು ತೂತು ಕೊರೆಯುತ್ತಿದ್ದರು. ಮುಂದಿನ ಅಂಚು ನೆಲಕ್ಕೆ ಕಚ್ಚದಂತೆ ಅದನ್ನು ದುಂಡಗೆ ಕೆತ್ತುವುದೂ ಇತ್ತು. ಅಡವಿಯೊಳಗಿನ ಎಳೆತಕ್ಕೆ ಕೋಣವೇ ಮೇಲು: ನಿಧಾನ, ಆದರೆ ತಗ್ಗಿನಲ್ಲೂ ಹಸಿನೆಲದಲ್ಲೂ ಬಿಡದೆ ಎಳೆಯುತ್ತದೆ. ಒಣ ದಾರಿ ಸಿಕ್ಕ ಮೇಲೆ ಎತ್ತಿನ ಚಕ್ಕಡಿ. ಚಕ್ಕಡಿಯ ಮೇಲಿನ ಹಾಸು ತೆಗೆದು ಅಚ್ಚಿನ ಮೇಲೆಯೇ ದಿಮ್ಮಿ ಬಿಗಿಯುತ್ತಿದ್ದರು. ಉದ್ದ ತೊಲೆಗೆ ಹಿಂದೆ ಇನ್ನೊಂದು ಜೋಡಿ ಗಾಲಿ. ಇಳಿಜಾರಿನಲ್ಲಿ ಗಾಲಿಗೆ ಅಡ್ಡಕಟ್ಟಿಗೆ ಒತ್ತಿ ಹಿಡಿಯದಿದ್ದರೆ ಭಾರವೇ ಎತ್ತುಗಳ ಮೇಲೆ ಬರುತ್ತಿತ್ತು. ಸುಗ್ಗಿ ಮುಗಿದ ರೈತರಿಗೆ ಜನವರಿಯಿಂದ ಮೇವರೆಗೆ ಈ ಬಾಡಿಗೆ ಕೈಗೆ ಕಾಸು ತರುವ ಕೆಲಸ. ಎಷ್ಟೋ ಮನೆಗಳಲ್ಲಿ ಎತ್ತಿನ ಸಾಲ ತೀರುತ್ತಿದ್ದುದು ಭತ್ತದಿಂದಲ್ಲ, ನಾಟಾ ಹೊಡೆದ ಹಣದಿಂದ.

ಕಾರವಾರದ ಕಡೆಗೆ ಹೋಗುವ ಮರಕ್ಕೆ ಕಾಳಿ ನದಿಯ ಕೆಳಹರಿವು ಇತ್ತು. ತೇಲದ ಭಾರದ ಕಟ್ಟಿಗೆಗೆ ಬಿದಿರ ಕಟ್ಟು ಬಿಗಿದು ಕೋಡಿಬಾಗದ ಡಿಪೋಗೆ ಬಿಡುತ್ತಿದ್ದರು. ಖಾನಾಪುರಕ್ಕೆ ಅಂಥ ಸೌಕರ್ಯವಿಲ್ಲ. ಮಲಪ್ರಭೆ ಇಲ್ಲಿ ಇನ್ನೂ ಹಸುಗೂಸು. ಮಳೆಗಾಲದಲ್ಲಿ ರಭಸ, ಬೇಸಿಗೆಯಲ್ಲಿ ಮೊಣಕಾಲುದ್ದ. ಆದ್ದರಿಂದ ಎಲ್ಲ ದಾರಿಗಳೂ ರೈಲು ನಿಲ್ದಾಣದ ಕಡೆಗೇ.

ದಾರಿಯಲ್ಲಿ ನಾಕಾ. ಪ್ರತಿ ದಿಮ್ಮಿಯ ಕೊರೆದ ಮುಖಕ್ಕೂ ಖಾತೆಯ ಮುದ್ರೆ ಸುತ್ತಿಗೆಯ ಏಟು ಬಿದ್ದಿರಬೇಕು, ಜೊತೆಗೆ ಸಾಗಾಟದ ಪಾಸು ಇರಬೇಕು. ಸುತ್ತಿಗೆಯ ತಲೆಯಲ್ಲಿ ಉಬ್ಬಿದ ಅಕ್ಷರವೋ ಗುರುತೋ ಇರುತ್ತದೆ. ಹಸಿ ಕಟ್ಟಿಗೆಯ ಮೇಲೆ ಒಂದೇ ಏಟಿಗೆ ಅದು ಒಳಕ್ಕೆ ಇಳಿದು ಕೂರುತ್ತದೆ. ಕಡಿಯುವ ಮುನ್ನ ಬುಡಕ್ಕೂ ಮುದ್ರೆ, ಕಡಿದ ಮೇಲೆ ದಿಮ್ಮಿಗೂ ಮುದ್ರೆ. ಎರಡೂ ತಾಳೆಯಾದರೆ ಮರ ಸಕ್ರಮ. ಖೊಟ್ಟಿ ಮುದ್ರೆ ಹೊಡೆಯುವುದು ಕಾಯದೆಯಲ್ಲಿ ಗಂಭೀರ ಅಪರಾಧ. ಸುತ್ತಿಗೆ ಕಳೆದುಹೋಯಿತೆಂದರೆ ಸಿಬ್ಬಂದಿಯ ನೌಕರಿಗೇ ಕುತ್ತು, ಏಕೆಂದರೆ ಆ ಕಬ್ಬಿಣದ ತುಂಡು ಯಾರ ಕೈಗೆ ಸಿಕ್ಕರೂ ಅವರು ಸರ್ಕಾರದ ಹೆಸರಿನಲ್ಲಿ ಅಡವಿ ಮಾರಬಹುದು.

ರೈಲು: ಗಿರಾಕಿಯೂ ಅದೇ, ಗಾಡಿಯೂ ಅದೇ

ದಕ್ಷಿಣ ಮರಾಠಾ ರೈಲ್ವೆ ಕಂಪನಿ 1882ರಲ್ಲಿ ಹುಟ್ಟಿತು. ದಶಕ ಮುಗಿಯುವುದರೊಳಗೆ ಅದರ ಮೀಟರ್ ಗೇಜ್ ಹಳಿ ಬೆಳಗಾವಿಯಿಂದ ದೇಸೂರು, ಇದಲಹೊಂಡ, ಖಾನಾಪುರ, ಗುಂಜಿ ಹಾಯ್ದು ಲೋಂಡಾ ಮುಟ್ಟಿತು. ಲೋಂಡಾದಿಂದ ಒಂದು ಕವಲು ಕ್ಯಾಸಲ್‌ರಾಕ್ ಮೂಲಕ ಪೋರ್ಚುಗೀಸರ ಗೋವೆಯ ಮುರಗಾವ ಬಂದರಿಗೆ, ಇನ್ನೊಂದು ನಾಗರಗಾಳಿ, ತಾವರಗಟ್ಟಿ, ಅಳ್ನಾವರ ದಾಟಿ ಧಾರವಾಡ-ಹುಬ್ಬಳ್ಳಿಗೆ. 1908ರಿಂದ ಈ ಕಂಪನಿಯ ಹೆಸರು ಮದ್ರಾಸ್ ಮತ್ತು ದಕ್ಷಿಣ ಮರಾಠಾ ರೈಲ್ವೆ. ನಕ್ಷೆ ನೋಡಿದರೆ ಎದ್ದು ಕಾಣುತ್ತದೆ: ಖಾನಾಪುರದ ಅಡವಿಯ ಮೂರು ಬದಿಗೂ ಹಳಿ. ಕಾಡಿನ ಯಾವ ಮೂಲೆಯಿಂದ ಹೊರಟರೂ ಚಕ್ಕಡಿ ಒಂದೆರಡು ದಿನದಲ್ಲಿ ಯಾವುದೋ ಒಂದು ನಿಲ್ದಾಣ ಸೇರಬಲ್ಲದು. ಮುಂದೆ 1919ರ ಹೊತ್ತಿಗೆ ಅಳ್ನಾವರದಿಂದ ದಾಂಡೇಲಿಗೆ ಹಾಕಿದ ಕವಲುಹಳಿಯಂತೂ ಮುಖ್ಯವಾಗಿ ಮರದ ಸಾಗಣೆಗೇ ಹುಟ್ಟಿದ್ದು.

ರೈಲು ಮರ ಹೊತ್ತೊಯ್ದದ್ದಷ್ಟೇ ಅಲ್ಲ, ತಾನೂ ಮರ ತಿಂದಿತು. ಮೀಟರ್ ಗೇಜಿನ ಒಂದು ಸ್ಲೀಪರ್ 6 ಅಡಿ ಉದ್ದ, 8 ಅಂಗುಲ ಅಗಲ, 4½ ಅಂಗುಲ ದಪ್ಪ. ಅಂದರೆ ಒಂದೂವರೆ ಘನ ಅಡಿ ಕೆಚ್ಚು. ಒಂದು ಮೈಲಿಗೆ ಸುಮಾರು 2,000 ಸ್ಲೀಪರ್ ಎಂದು ಹಿಡಿದರೂ 3,000 ಘನ ಅಡಿ. ಇದು ಕೊಯ್ದು ಮುಗಿದ ಕಟ್ಟಿಗೆಯ ಲೆಕ್ಕ. ದುಂಡು ದಿಮ್ಮಿಯನ್ನು ಚೌಕ ಮಾಡುವಾಗ ಉದುರುವ ಚಕ್ಕೆ, ಹೊರಗಿನ ಬಿಳಿ ಕಟ್ಟಿಗೆ, ಸೀಳು ಬಂದ ತುಂಡು ಸೇರಿಸಿದರೆ ಬೀಳಿಸಬೇಕಾದ ಮರ ಇನ್ನೂ ಬಹಳ. ಬೆಟ್ಟದ ಮಳೆ, ಗೆದ್ದಲುಗಳ ನಡುವೆ ಜಂಬೆ, ಸಾಗುವಾನಿಯಂಥ ಗಟ್ಟಿ ಜಾತಿಯೂ ಹತ್ತು ಹನ್ನೆರಡು ವರ್ಷ ಕಳೆಯುವ ಹೊತ್ತಿಗೆ ಬದಲಾವಣೆ ಕೇಳುತ್ತಿತ್ತು. ಹಳಿ ಹಾಕುವ ಕೆಲಸ ಒಮ್ಮೆ ಮುಗಿದರೂ ಸ್ಲೀಪರಿನ ಬೇಡಿಕೆ ಎಂದೂ ಮುಗಿಯದ್ದು. 1906ರಲ್ಲಿ ಡೆಹ್ರಾಡೂನಿನಲ್ಲಿ ಆರಂಭವಾದ ಅರಣ್ಯ ಸಂಶೋಧನ ಸಂಸ್ಥೆಯ ಮೊದಮೊದಲ ಕೆಲಸಗಳಲ್ಲಿ ಅಗ್ಗದ ಜಾತಿಯ ಮರಕ್ಕೆ ಕ್ರಿಯೋಸೋಟ್ ಎಣ್ಣೆ ಕುಡಿಸಿ ಸ್ಲೀಪರಿನ ಆಯುಷ್ಯ ಹೆಚ್ಚಿಸುವ ಪ್ರಯೋಗವೂ ಸೇರಿದ್ದು ಇದೇ ಕಾರಣಕ್ಕೆ. ಆರ್. ಎಸ್. ಪಿಯರ್ಸನ್ ಅದರ ಮುಂದಾಳು. ಹತ್ತಿರದ ಅಡವಿಯ ಮತ್ತಿ, ಹುಣಾಲುಗಳಿಗೆ ರೈಲ್ವೆಯ ಬಾಗಿಲು ಅಗಲವಾಗಿ ತೆರೆದದ್ದು ಇಂಥ ಪ್ರಯೋಗಗಳಿಂದ.

ಅಳತೆ ಮತ್ತು ಲಿಲಾವು

ಡಿಪೋಗೆ ಬಂದ ದಿಮ್ಮಿಗಳನ್ನು ಜಾತಿವಾರು, ಉದ್ದವಾರು ಲಾಟು ಮಾಡಿ ಹಚ್ಚುತ್ತಿದ್ದರು. ಅಳತೆಗೆ ಟೇಪು ಸಾಕು: ನಡುಮಧ್ಯದ ಸುತ್ತಳತೆ ಹಿಡಿದು ಅದನ್ನು ನಾಲ್ಕರಿಂದ ಭಾಗಿಸಿ, ಬಂದದ್ದನ್ನು ಅದರಿಂದಲೇ ಗುಣಿಸಿ, ಮತ್ತೆ ಉದ್ದದಿಂದ ಗುಣಿಸುವುದು. 4 ಅಡಿ ಸುತ್ತಳತೆಯ 16 ಅಡಿ ಉದ್ದದ ದಿಮ್ಮಿ ಈ ಲೆಕ್ಕದಲ್ಲಿ 16 ಘನ ಅಡಿ. ನಿಜವಾಗಿ ಆ ದುಂಡಿನಲ್ಲಿ 20 ಘನ ಅಡಿಗೂ ತುಸು ಹೆಚ್ಚು ಕಟ್ಟಿಗೆ ಇರುತ್ತದೆ. ಬಿಟ್ಟುಹೋದ ಐದನೇ ಒಂದು ಪಾಲಿಗಿಂತ ಹೆಚ್ಚಿನ ಭಾಗ ಚೌಕ ಮಾಡುವಾಗ ಹಾಳಾಗುವುದಕ್ಕೆ ಕೊಟ್ಟ ಸೋಡಿ. ಜಾಣ ಕೊಯ್ಯುವವನು ಸಿಕ್ಕರೆ ಅದರಲ್ಲೂ ರೀಪು, ಗೂಟ, ಸೌದೆ ಹೊರಡುತ್ತಿತ್ತು. ವ್ಯಾಪಾರಿಯ ಲಾಭದ ಒಂದು ಗುಟ್ಟು ಇಲ್ಲಿದೆ.

ಇನ್ನೊಂದು ಗುಟ್ಟು ಕಣ್ಣಿನಲ್ಲಿ. ಲಿಲಾವಿನ ಹಿಂದಿನ ದಿನ ವ್ಯಾಪಾರಿಗಳು ಸಾಲು ಸಾಲು ನೋಡುತ್ತ ನಡೆಯುತ್ತಿದ್ದರು. ಕೊಡಲಿಯ ಬೆನ್ನಿನಿಂದ ತಟ್ಟಿ ಸದ್ದು ಕೇಳುವುದು, ಕೊರೆದ ಮುಖದಲ್ಲಿ ಕೆಚ್ಚಿನ ಬಣ್ಣ ನೋಡುವುದು, ನಡುವೆ ಪೊಟರೆ ಇದೆಯೇ ಎಂದು ಕಡ್ಡಿ ಹಾಕುವುದು. ಎಳೆ ತಿರುಚಿದ ಮರ ಹಲಗೆಗೆ ಬಾರದು, ಕಂಬಕ್ಕಷ್ಟೇ. ಹೊರಗೆ ಚೆಲುವಾಗಿ ಕಂಡ ಹಳೆಯ ಸಾಗುವಾನಿ ಒಳಗೆ ಟೊಳ್ಳಾಗಿರುವುದುಂಟು. ಹಾಗೆ ಮೋಸಹೋದವನಿಗೆ ಖಾತೆ ಹಣ ಹಿಂದಿರುಗಿಸುತ್ತಿರಲಿಲ್ಲ. ನೋಡಿಯೇ ಕೂಗಿದ್ದೀಯಲ್ಲ ಎಂಬುದು ನಿಯಮ. ಕೆಲವು ಕೂಪುಗಳನ್ನು ಮರ ನಿಂತಿರುವಾಗಲೇ ಗುತ್ತಿಗೆಗೆ ಕೊಡುತ್ತಿದ್ದರು. ಗುತ್ತಿಗೆದಾರ ಕಡಿದಷ್ಟೂ ಲಾಭ ಕಾಣುವ ಅಂಥ ಕೂಪಿನಲ್ಲಿ ಉಳಿಸಬೇಕಾದ ಮರಕ್ಕೆ ಕಾವಲು ಕಷ್ಟ.

ಕೊಯ್ತ

ಬೆಳಗಾವಿಯ ವಖಾರಗಳಲ್ಲಿ, ಅದಕ್ಕಿಂತ ಹೆಚ್ಚಾಗಿ ಅಡವಿಯ ಅಂಚಿನಲ್ಲೇ, ದಿಮ್ಮಿ ಹಲಗೆಯಾಗುತ್ತಿದ್ದುದು ಕೈಗರಗಸದಿಂದ. ದಿಮ್ಮಿಯ ಒಂದು ತುದಿಯನ್ನು ಕತ್ತರಿಗಾಲಿನ ಮೇಲೆ ಎತ್ತಿ ಓರೆಯಾಗಿ ನಿಲ್ಲಿಸುತ್ತಾರೆ. ಕೆಮ್ಮಣ್ಣೋ ಇದ್ದಿಲೋ ಕಲಸಿದ ನೀರಿನಲ್ಲಿ ನೂಲು ಅದ್ದಿ, ಎರಡೂ ತುದಿ ಬಿಗಿಹಿಡಿದು, ನಡುವೆ ಎತ್ತಿ ಬಿಟ್ಟರೆ ಕಟ್ಟಿಗೆಯ ಮೇಲೆ ನೇರ ಗೆರೆ ಮೂಡುತ್ತದೆ. ಇದೇ ನೂಲು ಹೊಡೆಯುವುದು. ಒಬ್ಬ ದಿಮ್ಮಿಯ ಮೇಲೆ ನಿಲ್ಲುತ್ತಾನೆ, ಇನ್ನೊಬ್ಬ ಕೆಳಗೆ ಕೂರುತ್ತಾನೆ. ಗೆರೆ ಕಾಯುವವನು ಮೇಲಿನವನು; ಕೊಯ್ಯುವ ಬಲ ಬಹುಪಾಲು ಕೆಳಗಿನವನದು, ಗರಗಸದ ಹಲ್ಲು ಕೆಳಕ್ಕೆ ಎಳೆದಾಗ ಕಚ್ಚುವುದರಿಂದ. ಪುಡಿಯೆಲ್ಲ ಬೀಳುವುದೂ ಅವನ ಮೈಮೇಲೆಯೇ. ತಲೆಗೆ ವಸ್ತ್ರ ಸುತ್ತಿ, ಕಣ್ಣು ಕಿರಿದು ಮಾಡಿ ಎಳೆಯಬೇಕು. ಕೊಯ್ದ ಸೀಳು ಕೂಡಿಕೊಂಡು ಅಲಗನ್ನು ಹಿಡಿಯದಂತೆ ಆಗಾಗ ಬೆಣೆ ಬಡಿಯುತ್ತಾರೆ, ಅಲಗಿಗೆ ಎಣ್ಣೆ ಸವರುತ್ತಾರೆ. ಮತ್ತಿಯಂಥ ಗಟ್ಟಿ ಕಟ್ಟಿಗೆಯಾದರೆ ದಿನದಲ್ಲಿ ಎಷ್ಟೋ ಸಲ ಅರ ಹಿಡಿದು ಹಲ್ಲು ಮಸೆಯಬೇಕು. ಕೂಲಿಯ ಲೆಕ್ಕ ಕೊಯ್ದ ಮೈಯ ಚದರ ಅಡಿಗೆ ಇಷ್ಟು ಎಂದು. ಆದ್ದರಿಂದ ಗರಗಸದ ಜೋಡಿ ಒಮ್ಮೆ ಹೊಂದಿಕೊಂಡರೆ ಸುಲಭಕ್ಕೆ ಬೇರೆಯಾಗುತ್ತಿರಲಿಲ್ಲ. ಇಬ್ಬರ ಉಸಿರು ಒಂದಾಗದೆ ಹಲಗೆ ಒಂದೇ ದಪ್ಪಕ್ಕೆ ಬರುವುದಿಲ್ಲ.

ತೊಲೆ, ಕಂಬಗಳಿಗೆ ಗರಗಸವೂ ಬೇಡ. ಬಾಚಿಯಿಂದಲೇ ನಾಲ್ಕು ಮುಖ ಕೆತ್ತುತ್ತಿದ್ದರು. ಬೆಳಗಾವಿ, ಶಹಾಪುರದ ಹಳೆಯ ಮನೆಗಳ ಅಟ್ಟದ ತೊಲೆಗಳ ಮೇಲೆ ಕೈಯಾಡಿಸಿದರೆ ಸಣ್ಣ ಸಣ್ಣ ತಗ್ಗುಗಳು ತಾಗುತ್ತವೆ. ಅವು ಬಾಚಿಯ ಗುರುತು. ಯಂತ್ರದಲ್ಲಿ ಕೊಯ್ದ ತೊಲೆಗೆ ಈ ಅಲೆಮೈ ಇರುವುದಿಲ್ಲ, ಮನೆಯ ವಯಸ್ಸು ಹೇಳಲು ಇದೊಂದು ಆಧಾರ. ಎಣ್ಣೆಯ ಎಂಜಿನ್ನು, ಆಮೇಲೆ ವಿದ್ಯುತ್ತಿನಿಂದ ತಿರುಗುವ ಸಾ ಮಿಲ್ಲುಗಳು ಪೇಟೆಗೆ ಬಂದ ಮೇಲೆ ಕೈಗರಗಸದವರ ಕೆಲಸ ಮೊದಲು ಊರಿನಲ್ಲಿ ತಪ್ಪಿತು. ಅಡವಿಯ ಕಡೆ, ಮಿಲ್ಲಿಗೆ ಸಾಗಿಸಲು ದುಬಾರಿಯಾದ ಕಡೆ, ಅವರು ಇನ್ನೂ ಕೆಲವು ದಶಕ ಉಳಿದರು. ಶತಮಾನದ ಮಧ್ಯದ ಹೊತ್ತಿಗೆ ಉತ್ತರ ಕರ್ನಾಟಕದ ಬಹಳಷ್ಟು ಊರುಗಳಂತೆ ಇಲ್ಲಿಯೂ ಕಚ್ಛ್ ಮೂಲದ ಪಟೇಲ್ ಕುಟುಂಬಗಳು ಸಾ ಮಿಲ್ಲಿನ ವ್ಯಾಪಾರಕ್ಕೆ ಬಂದವು.

ಬೆಳಗಾವಿಯ ಬೇಡಿಕೆ

ದಂಡು ನೆಲೆಸಿದ ಊರು ಬೆಳಗಾವಿ. ಬ್ಯಾರಕ್ಕು, ಬಂಗಲೆ, ಕುದುರೆಲಾಯಗಳಿಗೆ ನಾಟಾ, ಅಡಿಗೆಮನೆಗಳಿಗೆ ಸೌದೆ-ಇದ್ದಿಲು ಕ್ಯಾಂಪಿಗೆ ಸದಾ ಬೇಕು. ಪಕ್ಕದ ಶಹಾಪುರ ಸಾಂಗಲಿ ಸಂಸ್ಥಾನಕ್ಕೆ ಸೇರಿದ್ದ ನೇಕಾರರ ಪೇಟೆ. ಮಗ್ಗದ ಚೌಕಟ್ಟು, ಕುಂಟೆ, ಲಾಳಿ ಎಲ್ಲವೂ ಕಟ್ಟಿಗೆಯವೇ. ಬಯಲುಸೀಮೆಯ ರೈತನಿಗೆ ಚಕ್ಕಡಿ, ನೊಗ, ಕೂರಿಗೆ. ಮಾಡಿನ ವಿಷಯದಲ್ಲಿ ಒಂದು ದೊಡ್ಡ ಬದಲಾವಣೆ ಈ ಕಾಲದ್ದೇ. ನಾಡಹೆಂಚಿನ ಮಾಡಿಗೆ ಬಿದಿರು, ಡೊಂಕು ಗಳ ಏನಿದ್ದರೂ ನಡೆಯುತ್ತಿತ್ತು. ಮಂಗಳೂರು ಹೆಂಚು ಬಂದ ಮೇಲೆ ನೇರವಾಗಿ, ಒಂದೇ ಅಳತೆಗೆ ಕೊಯ್ದ ರೀಪು ಸಮ ಅಂತರದಲ್ಲಿ ಹೊಡೆಯಲೇಬೇಕು, ಇಲ್ಲದಿದ್ದರೆ ಹೆಂಚು ಕೂರದು. ಅಡವಿಯಿಂದ ದುಂಡು ಗಳ ತಂದು ಮನೆ ಕಟ್ಟಿಕೊಳ್ಳುತ್ತಿದ್ದವನು ಕೊಯ್ದ ಕಟ್ಟಿಗೆಯ ಗಿರಾಕಿಯಾದ. ಖಾನಾಪುರದ ಜೇಡಿಮಣ್ಣೂ ಹೆಂಚಿಗೆ ಹೆಸರಾದದ್ದು. ಅದನ್ನು ಬೇಯಿಸುವ ಭಟ್ಟಿಗೂ ಅದೇ ಅಡವಿಯ ಸೌದೆ.

ಕಟ್ಟಿಗೆಯ ಜಾಗಕ್ಕೆ ಕಬ್ಬಿಣ ಬರುವ ಕಥೆಯೂ ಬೆಳಗಾವಿಯಲ್ಲೇ ಶುರುವಾಯಿತು. 1888ರಲ್ಲಿ ಇಲ್ಲಿ ಸೈಕಲ್ ಅಂಗಡಿ ತೆರೆದ ಲಕ್ಷ್ಮಣರಾವ್ ಕಿರ್ಲೋಸ್ಕರ್ ಮುಂದೆ ಮೇವು ಕತ್ತರಿಸುವ ಯಂತ್ರ, ಕಬ್ಬಿಣದ ನೇಗಿಲು ತಯಾರಿಸಿದರು. 1910ರಲ್ಲಿ ಅವರ ಕಾರ್ಖಾನೆ ಈಗಿನ ಕಿರ್ಲೋಸ್ಕರವಾಡಿಗೆ ಹೋಯಿತು. ಬಡಿಗನ ಮರದ ನೇಗಿಲು ಒಮ್ಮೆಲೇ ಹೋಗಲಿಲ್ಲ, ಆದರೆ ಹಳ್ಳಿಯ ಬಡಿಗನಿಗೆ ಸಿಗುವ ಆಯದ ಜೋಳಕ್ಕೆ ಅಂದಿನಿಂದ ಒಬ್ಬ ಪೈಪೋಟಿಗಾರ ಹುಟ್ಟಿದ.

ದುಡಿದವರು

ಕೂಪಿನ ಕೆಲಸಕ್ಕೆ ಬರುತ್ತಿದ್ದವರಲ್ಲಿ ಮರಾಠಾ ಮತ್ತು ಕುಣಬಿ ರೈತರು, ದನ ಮೇಯಿಸುವ ಗೌಳಿ ಧನಗರರು, ಆಫ್ರಿಕಾ ಮೂಲದ ಸಿದ್ದಿಗಳು, ಬಯಲಿನ ಹಳ್ಳಿಗಳ ಕೂಲಿಕಾರರು ಎಲ್ಲರೂ ಇದ್ದರು. ಹೆಂಗಸರ ಪಾಲಿಗೆ ತೊಗಟೆ ಸುಲಿಯುವುದು, ಸೌದೆ ಒಟ್ಟುವುದು, ಅಳಲೆಕಾಯಿ, ಶೀಗೇಕಾಯಿ ಆರಿಸುವುದು. ಹೀಗೆ ದುಡಿದವರ ಹೆಸರು ವರದಿಗಳಲ್ಲಿ ಸಿಗುವುದು ಅಪರೂಪ. ಘನ ಅಡಿಯ ಲೆಕ್ಕ ಮಾತ್ರ ಕಚೇರಿಯ ಪುಸ್ತಕದಲ್ಲಿ ಅಂಗುಲ ತಪ್ಪದೆ ಉಳಿದಿದೆ.

ದೊಡ್ಡ ವೈರಿ ಹುಲಿಯಲ್ಲ, ಚಳಿಜ್ವರ. ಮಳೆ ನಿಂತು ಹೊಂಡಗಳಲ್ಲಿ ನೀರು ಉಳಿಯುವ ಹೊತ್ತಿಗೇ ಕೂಪು ಹಿಡಿಯುತ್ತಿತ್ತು. ಬಯಲಿನಿಂದ ಬಂದವರು ಒಂದು ಹಂಗಾಮಿಗೇ ಗಡ್ಡೆಹೊಟ್ಟೆ ಹೊತ್ತು ಮರಳುತ್ತಿದ್ದರು. ಜ್ವರದ ಭಯದಿಂದ ಕೂಲಿ ಸಿಗದಿರುವುದು ಖಾತೆಗೂ ಗುತ್ತಿಗೆದಾರರಿಗೂ ಖಾಯಂ ತೊಂದರೆ. ಪರಿಹಾರ ಸಿಕ್ಕಿದ್ದು ಬಹಳ ತಡವಾಗಿ: 1940ರ ದಶಕದ ನಡುವೆ ಡಾ. ಡಿ. ಕೆ. ವಿಶ್ವನಾಥನ್ ಅವರ ನೇತೃತ್ವದಲ್ಲಿ ಉತ್ತರ ಕನ್ನಡ, ಧಾರವಾಡ ಜಿಲ್ಲೆಗಳ ಹಳ್ಳಿಗಳಲ್ಲಿ ಡಿಡಿಟಿ ಸಿಂಪಡಿಸಿದ ಮೇಲೆ.

ಯುದ್ಧಗಳು ಮತ್ತು ನಂತರ

ಮೊದಲ ಮಹಾಯುದ್ಧದಲ್ಲಿ ಮೆಸೊಪೊಟೇಮಿಯದ ರೈಲುಹಳಿ, ಸೇತುವೆ, ಪಾಳೆಯಗಳಿಗೆ ಭಾರತದ ಕಾಡುಗಳಿಂದ ಕಟ್ಟಿಗೆ ಹೋಯಿತು; 1917ರಲ್ಲಿ ಹುಟ್ಟಿದ ಯುದ್ಧಸಾಮಗ್ರಿ ಮಂಡಳಿ ನಾಟಾ ಖರೀದಿಯನ್ನೂ ಕೈಗೆತ್ತಿಕೊಂಡಿತು. ಎರಡನೆಯ ಯುದ್ಧ ಇನ್ನೂ ಕ್ರೂರ. 1942ರಲ್ಲಿ ಬರ್ಮಾ ಕೈತಪ್ಪಿದಾಗ ಮುಂಬಯಿ ಪೇಟೆಯನ್ನು ತುಂಬುತ್ತಿದ್ದ ಬರ್ಮಾ ಸಾಗುವಾನಿ ನಿಂತಿತು, ಅದರ ಭಾರವೆಲ್ಲ ದೇಶದೊಳಗಿನ ಕಾಡುಗಳ ಮೇಲೆ ಬಿತ್ತು. ಪೆಟ್ರೋಲು ಸಿಗದ ಆ ದಿನಗಳಲ್ಲಿ ಮೋಟಾರು ಬಸ್ಸುಗಳು ಇದ್ದಿಲ ಗ್ಯಾಸಿನಿಂದ ಓಡಿದವು. ಅಡವಿಯ ಅಂಚಿನ ಇದ್ದಿಲು ಗೂಡುಗಳಿಗೆ ಪುರಸೊತ್ತಿರಲಿಲ್ಲ.

1956ರಲ್ಲಿ ಬೆಳಗಾವಿ ಮೈಸೂರು ರಾಜ್ಯಕ್ಕೆ ಸೇರಿತು. ಅದರ ಹಿಂದಿನ ವರ್ಷ ಸ್ಥಾಪನೆಯಾದ ದಾಂಡೇಲಿಯ ವೆಸ್ಟ್ ಕೋಸ್ಟ್ ಕಾಗದ ಕಾರ್ಖಾನೆಗೆ ಬಿದಿರು ಮುಖ್ಯ ಕಚ್ಚಾವಸ್ತು. ದಿಮ್ಮಿಗಷ್ಟೇ ಇದ್ದ ಬೆಲೆ ಬಿದಿರಿಗೂ ಬಂತು. ಕೋಣ, ಚಕ್ಕಡಿಗಳ ಜಾಗಕ್ಕೆ ಲಾರಿ ಬಂದು, ಮುಖ್ಯ ಹಳಿಯಿಂದ ದೂರವಿದ್ದ ಜಾಂಬೋಟಿ, ಕಣಕುಂಬಿಯ ಕಾಡೂ ಹತ್ತಿರವಾಯಿತು. 1990ರ ದಶಕದಲ್ಲಿ ಮೀರಜ-ಲೋಂಡಾ ಹಳಿ ಬ್ರಾಡ್ ಗೇಜ್ ಆಗುವ ಹೊತ್ತಿಗೆ ಸ್ಲೀಪರು ಕಾಂಕ್ರೀಟಿನದಾಗಿತ್ತು. 1996ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಗೋದಾವರ್ಮನ್ ಪ್ರಕರಣದಲ್ಲಿ ಕೊಟ್ಟ ಆದೇಶ ಕಾಡಿನ ಕಡಿತಕ್ಕೂ ಸಾ ಮಿಲ್ಲುಗಳಿಗೂ ದೇಶದಾದ್ಯಂತ ಕಡಿವಾಣ ಹಾಕಿತು.

2011ರಲ್ಲಿ ಭೀಮಗಡ ವನ್ಯಜೀವಿಧಾಮವಾಯಿತು. ಕಡಿದಾದ ಕಣಿವೆ ಮತ್ತು ವಿಪರೀತ ಮಳೆಯಿಂದಾಗಿ ಚಕ್ಕಡಿ ಹೋಗಲಾಗದೆ ಉಳಿದ ನಿತ್ಯಹಸಿರು ಕಾಡಿನ ದೊಡ್ಡ ಭಾಗ ಅದರೊಳಗಿದೆ. ಗವಾಳಿ, ಕೃಷ್ಣಾಪುರ, ತಳೇವಾಡಿಯಂಥ ಹಳ್ಳಿಗಳೂ ಅದರೊಳಗಿವೆ. ಅಡವಿಯನ್ನೇ ನೆಚ್ಚಿ ಬಂದ ಈ ಮನೆಗಳ ಎದುರು ಆಮೇಲೆ ಪುನರ್ವಸತಿಯ ಪ್ರಶ್ನೆ ಬಂದು ನಿಂತಿತು, ಅಲ್ಲಿಯವರ ಹಿರಿಯರ ಕಾಲದ ಹಕ್ಕು-ಸವಲತ್ತಿನ ಲೆಕ್ಕ ಇನ್ನೂ ಚುಕ್ತಾ ಆಗಿಲ್ಲ.